ಆಳ್ಕೋಟೆಗೊಂದು ಹಕಾರ

ಗವಿಪುರದ ಬಂಡೆಗಳ ಹಿಂದೆ, ದೊಡ್ಡ ಮನೆಗಳ ಬೀದಿ ಮುಗಿದು ಸಣ್ಣ ಮನೆಗಳ ಸಂದಿ ಶುರುವಾಗುವ ಕಡೆ, ಒಂದು ಊರಿತ್ತು. ಊರು ಅಂದೆನೆಂದು ನಗಬೇಡಿ. ಈಗ ಅಲ್ಲಿರುವುದು ಒಂದೇ ಬೀದಿ, ಬೀದಿಯ ತುದಿಗೆ ಒಂದು ಇಸ್ತ್ರಿ ಗಾಡಿ, ಒಂದು ಟೀ ಅಂಗಡಿ, ಎರಡೂ ಬದಿಗೆ ಒತ್ತೊತ್ತಾಗಿ ನಿಲ್ಲಿಸಿದ ಸ್ಕೂಟರುಗಳು. ಆದರೆ ಬೆಂಗಳೂರು ಇನ್ನೂ ಪೇಟೆಯೊಳಗೇ ಮುದುರಿಕೊಂಡಿದ್ದ ಕಾಲಕ್ಕೆ ಆ ಊರಿಗೆ ತನ್ನದೇ ಕೆರೆ, ತನ್ನದೇ ಮಾರಮ್ಮ, ತನ್ನದೇ ಗೌಡ, ನಂಬಿದರೆ ನಂಬಿ, ತನ್ನದೇ ಒಂದು ಕೋಟೆ ಇತ್ತು.

ಕೋಟೆಯೆಂದರೆ ಏಳು ಸುತ್ತಿನದಲ್ಲ. ಮಣ್ಣಿನ ಗೋಡೆ, ಮೂಲೆಗೊಂದು ಕೊತ್ತಲ, ಒಳಗೆ ಗೌಡನ ಮನೆ ಮತ್ತು ಕಣಜ, ದಂಡು ಬಂದರೆ ದನಕರು ಹೊಡೆದುಕೊಂಡು ಓಡಿಬಂದು ಅವಿತುಕೊಳ್ಳಲು ಒಂದು ಅಂಗಳ. ಗೌಡ ಗೋಡೆ ಕಟ್ಟಿಸಿದ, ಮಳೆಗೆ ಬಿತ್ತು. ಮತ್ತೆ ಕಟ್ಟಿಸಿದ, ಮತ್ತೆ ಬಿತ್ತು. ಆಮೇಲೆ ಕಟ್ಟಿಸಿದ್ದು ನಿಂತಿತು. ಹೇಗೆ ನಿಂತಿತು ಅಂತ ಯಾರೂ ಬರೆದಿಡಲಿಲ್ಲ. ಬರೆಯುವವರಾದರೂ ಅಲ್ಲಿ ಯಾರಿದ್ದರು? ಗೌಡನದೇ ಹೆಬ್ಬೆಟ್ಟು.

ಕಾಲ ಕಳೆಯಿತು. ಗೌಡನ ವಂಶ ಮುಗಿಯಿತು. ಕೋಟೆ ಬಾಗಿಲಿನ ಕಲ್ಲುಗಳನ್ನು ಯಾರು ಯಾರೋ ಹೊತ್ತುಕೊಂಡು ಹೋಗಿ ತಮ್ಮ ತಮ್ಮ ಮನೆಯ ಮೆಟ್ಟಿಲು ಮಾಡಿಕೊಂಡರು. ಪ್ಲೇಗು ಬಂದು ಹೋದ ಮೇಲೆ ಬಡಾವಣೆ ಬಂತು, ಅಳತೆ ಸರಪಳಿ ಬಂತು, ಕೆರೆ ಸೈಟುಗಳಾಯಿತು. ಊರಿನ ಜನ ದೊಡ್ಡ ಮನೆಗಳಿಗೆ ನೀರು ಸೇದುವವರೂ ಪಾತ್ರೆ ತಿಕ್ಕುವವರೂ ಆದರು. ಉಳಿದದ್ದು ಬೀದಿಯ ತುದಿಯಲ್ಲಿ ಒಂದು ತುಂಡು ಗೋಡೆ, ಅದಕ್ಕೆ ಆತುಕೊಂಡಂತೆ ಅರ್ಧ ಕೊತ್ತಲ. ಕೆಮ್ಮಣ್ಣಿನ ಆ ಗೋಡೆ ಎರಡಾಳೆತ್ತರ ಇತ್ತು. ಅದರ ಮೇಲೆ ಹುಲ್ಲು, ಅತ್ತಿಗಿಡ, ಚುನಾವಣೆ ಬಂದಾಗ ಪೋಸ್ಟರು.

ಊರಿಗೂ ಕೋಟೆಗೂ ಒಂದೇ ಹೆಸರು. ಊರಿನವರು ಆಳ್ಕೋಟೆ ಅನ್ನುತ್ತಿದ್ದರು. ಅವರ ಬಾಯಲ್ಲಿ ಹಕಾರ ನಿಲ್ಲುತ್ತಿರಲಿಲ್ಲವಷ್ಟೆ. ಹಾಲು ಆಲು, ಹಸು ಅಸು, ಹಿಟ್ಟು ಇಟ್ಟು. ಹಾಗಾಗಿ ದೊಡ್ಡ ಮನೆಗಳವರು ಯಾರನ್ನೂ ಒಂದು ಮಾತು ಕೇಳದೆ ಆ ಹೆಸರನ್ನು ತಿದ್ದಿಕೊಂಡರು. ಹಾಳುಕೋಟೆ. ತಿದ್ದಿದ್ದು ಸರಿಯಾಗಿಯೇ ಕೂತಿತು. ಬಿದ್ದ ಗೋಡೆ, ಹಾಳು ಕೋಟೆ, ಇನ್ನೇನು ಬೇಕು?

ಆ ಬೀದಿಯಲ್ಲಿ ಹುಟ್ಟಿ, ಓದಿ, ಚಾಮರಾಜಪೇಟೆಯ ಒಂದು ಹೈಸ್ಕೂಲಿನಲ್ಲಿ ಕನ್ನಡ ಮೇಡಂ ಆದವಳು ರಂಜಿನಿ. ಅಪ್ಪ ಕಾಳಪ್ಪ ಸರ್ಕಾರಿ ಕಚೇರಿಯಲ್ಲಿ ಅಟೆಂಡರ್ ಆಗಿದ್ದು ತೀರಿಹೋಗಿ ಬಹಳ ಕಾಲವಾಗಿತ್ತು. ಮದುವೆಯಾಗಲಿಲ್ಲ, ಯಾಕೆ ಅಂತ ಕೇಳಿದವರ ಬಾಯಿ ಮುಚ್ಚಿಸುವಂಥ ಉತ್ತರ ಅವಳ ನಾಲಿಗೆ ತುದಿಯಲ್ಲೇ ಇರುತ್ತಿತ್ತು. ಸ್ಕೂಲಿನ ಹತ್ತಿರವೇ ಒಂದು ಸಣ್ಣ ಮನೆ, ಹಾಲಿನಲ್ಲಿ ಬುದ್ಧನ ಪಟ, ಒಳಕೋಣೆಯಲ್ಲಿ ಅವ್ವ ಸಿದ್ದಮ್ಮ. ಇಷ್ಟೇ ಸಂಸಾರ.

ಈ ರಂಜಿನಿಗೂ ಹಕಾರಕ್ಕೂ ಹಳೆಯ ಲೆಕ್ಕವೊಂದಿತ್ತು. ಎಂಟನೇ ಕ್ಲಾಸಿನಲ್ಲಿದ್ದಾಗ ಶಾಲೆಯ ವಾರ್ಷಿಕೋತ್ಸವಕ್ಕೆ ಸ್ವಾಗತ ಭಾಷಣ ಮಾಡಲು ಅವಳನ್ನು ನಿಲ್ಲಿಸಿದರು. ಎಲ್ಲಿ ಹಕಾರ ಬಿಟ್ಟುಬಿಡುತ್ತೇನೋ ಎಂಬ ಭಯಕ್ಕೆ ಹುಡುಗಿ ನಾಲ್ಕು ದಿನ ಅನ್ನ ನೀರು ಬಿಟ್ಟು ಬಾಯಿಪಾಠ ಮಾಡಿದ್ದಳು. ಮೈಕಿನ ಮುಂದೆ ನಿಂತು ಎದೆ ತುಂಬ ಉಸಿರೆಳೆದು, ಸಭೆಗೆಲ್ಲ ಕೇಳುವಂತೆ, "ತಮಗೆಲ್ಲರಿಗೂ ಹಾದರದ ಸ್ವಾಗತ" ಅಂದುಬಿಟ್ಟಳು. ಆದರದ ಅನ್ನಬೇಕಿತ್ತು. ಬೇಡದ ಕಡೆ ಒಂದು ಹಕಾರ ಬಂದು ಕೂತಿತ್ತು. ಸಭೆ ಬಿದ್ದು ಬಿದ್ದು ನಕ್ಕಿತು. ಮುಖ್ಯ ಅತಿಥಿಗಳು ಕರವಸ್ತ್ರ ತೆಗೆದು ಕಣ್ಣೊರೆಸಿಕೊಂಡರು. ಕನ್ನಡ ಕಲಿಸುತ್ತಿದ್ದ ರಂಗನಾಯಕಿ ಮೇಡಂ ಒಳ್ಳೆಯವರೇ, ಆದರೂ ಸೆರಗಿನಲ್ಲಿ ಬಾಯಿ ಮುಚ್ಚಿಕೊಂಡು ನಗುತ್ತ, "ಹಾಗೆ ಕರೆದ್ರೆ ಯಾರಮ್ಮ ಬರ್ತಾರೆ?" ಅಂದರು. ಆ ನಗು ರಂಜಿನಿಯ ಕಿವಿಯಿಂದ ಇಳಿಯಲೇ ಇಲ್ಲ.

ಅವತ್ತಿನಿಂದ ಅವಳು ಹಕಾರವನ್ನು ಪಳಗಿಸಲು ಕೂತಳು. ಬಾಯಿಯ ಮುಂದೆ ಅಂಗೈ ಹಿಡಿದು ಉಸಿರು ಬಂತೇ ಇಲ್ಲವೇ ನೋಡಿಕೊಂಡಳು. ಬರಬೇಕಾದ ಕಡೆ ಬರಬೇಕು, ಬರಬಾರದ ಕಡೆ ಬರಬಾರದು. ಪಳಗಿಸಿಯೂ ಪಳಗಿಸಿದಳು. ಇವತ್ತು ಅವಳ ಕನ್ನಡ ಕೇಳಿದವರು ಯಾವ ಊರು, ಯಾವ ಜನ ಅಂತ ಹೇಳಲಾರರು. ಅದೇ ಅವಳಿಗೆ ಬೇಕಾಗಿದ್ದದ್ದೂ. ನೂರಾರು ಮಕ್ಕಳನ್ನು ಬಾಯಿ ಮುಂದೆ ಅಂಗೈ ಹಿಡಿಸಿ ತಿದ್ದಿದಳು. ಮನೆಯಲ್ಲಿ ತಿದ್ದಲು ಒಬ್ಬಳೇ ಇದ್ದಳು, ಅವ್ವ.

"ಹಾಲು ಅನ್ನು ಅವ್ವ."

"ಆಲು."

"ಕೈ ಮುಂದೆ ಹಿಡ್ಕೋ. ಉಸಿರು ಬಿಡು. ಹಾ."

"ನನ್ ಬಾಯಿ ಉಣ್ಣಾಕೈತೆ ಕಣೆ, ಊದಾಕಲ್ಲ," ಎಂದು ಸಿದ್ದಮ್ಮ ನಗುತ್ತಿದ್ದಳು. ರಂಜಿನಿ ನಗುತ್ತಿರಲಿಲ್ಲ.

ಸಿದ್ದಮ್ಮನಿಗೆ ಬದುಕಿನಲ್ಲಿ ಉಳಿದಿದ್ದದ್ದು ಒಂದೇ ಆಸೆ, ಒಂದೇ ಅಂಜಿಕೆ. ಎರಡೂ ಆ ಗೋಡೆಯದೇ. ವರ್ಷಕ್ಕೊಮ್ಮೆ ಮಹಾಲಯ ಅಮಾವಾಸ್ಯೆ ದಿನ ಎಲ್ಲರ ಮನೆಗಳಲ್ಲಿ ಹಿರಿಯರಿಗೆ ಎಡೆ ಇಡುತ್ತಾರಲ್ಲ, ಅವಳು ಮನೆಯ ಎಡೆ ಮುಗಿಸಿ ಇನ್ನೊಂದು ಎಲೆ ಕಟ್ಟಿಕೊಂಡು ಆಳ್ಕೋಟೆಗೆ ಹೋಗುತ್ತಿದ್ದಳು. ರಾಗಿಮುದ್ದೆ, ಹುರುಳಿಕಾಳು ಸಾರು, ಒಂದು ಈರುಳ್ಳಿ. ಅದನ್ನು ನೆಲಕ್ಕಿಡುವಂತಿಲ್ಲ. ಗೋಡೆಯಲ್ಲಿ ಮನುಷ್ಯನ ಬಾಯಿಯೆತ್ತರಕ್ಕೆ ಒಂದು ಗೂಡಿತ್ತು, ದೀಪದ ಗೂಡಿನ ಹಾಗೆ. ಅಲ್ಲಿಡಬೇಕು. ಇಟ್ಟವರು ಕೂರುವಂತಿಲ್ಲ, ನಿಂತೇ ಕಾಯಬೇಕು. ಕಾಗೆಯೋ ಅಳಿಲೋ ಬಂದು ಮುಟ್ಟಿದ ಮೇಲೆ, "ಉಂಡ, ನಡಿ," ಅಂದು ತಿರುಗಿ ನೋಡದೆ ಬರುತ್ತಿದ್ದಳು.

ಆ ಎಡೆ ಉಣ್ಣುವವನನ್ನು ಬೀದಿಯ ಮಕ್ಕಳು ಕೋಟೆಪ್ಪ ಅನ್ನುತ್ತಿದ್ದರು. ರಂಜಿನಿಯೂ ಚಿಕ್ಕಂದಿನಲ್ಲಿ ಹಾಗೇ ಅಂದುಕೊಂಡು, ದೊಡ್ಡವಳಾದ ಮೇಲೆ ಮೂಢನಂಬಿಕೆ ಎಂದು ಮೂಗು ಮುರಿದಳು. ಅವ್ವನನ್ನು ಆಟೋದಲ್ಲಿ ಕರೆದುಕೊಂಡು ಹೋಗಿ, ಯಾರಾದರೂ ಪರಿಚಯದವರು ನೋಡಿಯಾರು ಅಂತ ತಾನು ಟೀ ಅಂಗಡಿಯ ಬಳಿ ಫೋನಿನಲ್ಲಿ ಮಾತಾಡುವ ಹಾಗೆ ನಿಂತಿರುತ್ತಿದ್ದಳು. ಬುದ್ಧನ ದಾರಿ ಹಿಡಿದವಳು ಮಣ್ಣುಗೋಡೆಗೆ ಮುದ್ದೆ ತಿನ್ನಿಸುವುದೆಂದರೇನು!

"ನಾನ್ ಓದ್ಮೇಲೆ ಅವನ್ಗೆ ಯಾರೇ ಇಕ್ಕೋರು?" ಸಿದ್ದಮ್ಮ ಈಚೆಗೆ ದಿನವೂ ಕೇಳುತ್ತಿದ್ದಳು. "ಬೀದೀಲಿ ನಮ್ಮೋರು ಯಾರೂ ಉಳೀನಿಲ್ಲ. ನೀನೊಬ್ಳೇಯ. ಅಸ್ಕಂಡ್ ನಿಂತಿರ್ತಾನೆ ಕಣೆ."

"ಗೋಡೆಗೆ ಹಸಿವಾಗಲ್ಲ ಅವ್ವ."

"ಒಂದ್ ಮಾತು ಕೊಡು ಮಗಾ. ವರ್ಸಕ್ಕೊಂದ್ ದಿನ. ಜಾಸ್ತಿ ಏನಿಲ್ಲ."

ರಂಜಿನಿ ಕೊಡಲಿಲ್ಲ. ಸುಳ್ಳು ಮಾತು ಕೊಡುವುದಕ್ಕಿಂತ ಕೊಡದಿರುವುದೇ ಸರಿ ಎಂಬುದು ಅವಳ ನಿಲುವು. ನಿಲುವುಗಳೇನೋ ಅವಳಿಗೆ ಬೇಕಾದಷ್ಟಿದ್ದವು.

ಈ ವರ್ಷದ ಮುಂಗಾರಿಗೆ ಗೋಡೆಯ ಮೇಲ್ಭಾಗದಿಂದ ಒಂದು ಹೆಂಟೆ ಜಾರಿ ಯಾರದೋ ಸ್ಕೂಟರಿನ ಮೇಲೆ ಬಿತ್ತು. ಸ್ಕೂಟರಿನ ಕನ್ನಡಿ ಒಡೆಯಿತು, ಬಡಾವಣೆಯ ವಾಟ್ಸಾಪ್ ಗುಂಪಿನಲ್ಲಿ ಬೆಂಕಿ ಬಿತ್ತು. ಇವತ್ತು ಸ್ಕೂಟರು, ನಾಳೆ ಮನುಷ್ಯರು ಅಂದರು. ಪಾರ್ಕಿಂಗಿಗೆ ಜಾಗವಿಲ್ಲ ಅಂತಲೂ ಅಂದರು, ಅದು ನಿಜವಾದ ಮಾತು. ಆಗ ನಿವಾಸಿಗಳ ಸಂಘದ ಅಧ್ಯಕ್ಷರಾದ ಬದರೀನಾರಾಯಣ ರಂಜಿನಿಯನ್ನು ಮನೆಗೆ ಕರೆಸಿದರು. ಬ್ಯಾಂಕಿನಲ್ಲಿ ದೊಡ್ಡ ಹುದ್ದೆಯಲ್ಲಿದ್ದು ನಿವೃತ್ತರಾದವರು, ಮಾತು ಮೆತ್ತಗೆ, ಮನಸ್ಸೂ ಕೆಟ್ಟದ್ದಲ್ಲ.

ಆ ಮನೆಯ ಹಿಂದಿನ ಕಲ್ಲಿನ ಮೇಲೆ ಸಿದ್ದಮ್ಮ ಒಂದು ಕಾಲದಲ್ಲಿ ಪಾತ್ರೆ ತಿಕ್ಕುತ್ತಿದ್ದಳು. ಅವಳ ಮಗಳು ಈಗ ಮುಂಬಾಗಿಲಿನಿಂದ ಒಳಗೆ ಹೋಗಿ ಸೋಫಾ ಮೇಲೆ ಕೂತಳು. ಬದರೀನಾರಾಯಣರ ಹೆಂಡತಿ ಗೋದಾ ಬೆಳ್ಳಿ ಲೋಟದಲ್ಲಿ ಕಾಫಿ ತಂದುಕೊಟ್ಟರು.

"ತಗೊಳ್ಳಿ ಮೇಡಂ," ಅಂದರು ಬದರೀನಾರಾಯಣ. "ಎಂಜಿನಿಯರ್ ಬಂದಿದ್ರು. ಈ ಗೋಡೆ ಏನು, ಉಳಿಸ್ಕೊಬೇಕಾ ಬೇಡ್ವಾ, ಅದರ ಹಿಸ್ಟರಿ ಒಂದೆರಡು ಪುಟ ಬರೆದುಕೊಡಿ ಅಂತಿದಾರೆ. ನೀವು ಅಲ್ಲಿಯವರೇ, ಕನ್ನಡ ಮೇಡಂ ಬೇರೆ. ನಿಮ್ಮನ್ನ ಬಿಟ್ಟು ಇನ್ಯಾರನ್ನ ಕೇಳಲಿ?"

ಹೊಟ್ಟೆ ತುಂಬುವ ಮಾತು ಅಂದರೆ ಇದು. ರಂಜಿನಿ ಒಂದು ವಾರ ಕೂತು ಬರೆದಳು. ಗೋಡೆ ಬೀಳಿಸಬೇಕೆಂದು ಅವಳಿಗೆ ಕನಸಿನಲ್ಲೂ ಇರಲಿಲ್ಲ, ದೇವರಾಣೆಗೂ. ಅಲ್ಲೊಂದು ಕಲ್ಲು ನೆಡಬೇಕು, ಅದರ ಮೇಲೆ ತಾನು ಬರೆದ ನಾಲ್ಕು ಸಾಲು ಕೆತ್ತಬೇಕು, ದೊಡ್ಡ ಮನೆಗಳವರು ವಾಕಿಂಗ್ ಹೋಗುವಾಗ ನಿಂತು ಓದಬೇಕು ಎಂಬುದು ಅವಳ ಆಸೆ. ಹಾಗಾಗಿ ಭಾಷೆಯನ್ನು ಚೆನ್ನಾಗಿಯೇ ಅಲಂಕರಿಸಿದಳು. "ಹೆಸರಿನಲ್ಲೇ ಹಾಳನ್ನು ಹೊತ್ತ ಈ ಕೋಟೆ, ಊರು ನೆಲೆಗೊಳ್ಳುವ ಹೊತ್ತಿಗಾಗಲೇ ಪಾಳುಬಿದ್ದಿತ್ತು ಎಂಬುದಕ್ಕೆ ಹಾಳುಕೋಟೆ ಎಂಬ ಹೆಸರೇ ಸಾಕ್ಷಿ," ಎಂದು ಶುರುಮಾಡಿ, ಅಳಿದದ್ದರ ನೆನಪನ್ನು ಉಳಿಸಿಕೊಳ್ಳುವುದು ನಾಗರಿಕರ ಕರ್ತವ್ಯ ಎಂದು ಮುಗಿಸಿದಳು.

ಕಳಿಸುವ ಮುಂಚೆ ಅವ್ವನಿಗೆ ಓದಿ ಹೇಳಿದಳು. ಅವ್ವ ಹೆಮ್ಮೆಪಡಲಿ ಅಂತ. ಸಿದ್ದಮ್ಮ ಕಾಲು ಚಾಚಿಕೊಂಡು ಅವರೆಕಾಯಿ ಸುಲಿಯುತ್ತ ಕೇಳಿಸಿಕೊಂಡಳು.

"ಚೆಂದಾಗೈತೆ," ಅಂದಳು. "ಆದ್ರೆ ಆಳ್ಕೋಟೆ ಅಲ್ವಾ ಅದು?"

"ಅದನ್ನೇ ಬರೆದಿರೋದು. ಹಾಳುಕೋಟೆ. ಹಾ. ಕೈ ಹಿಡಿ, ಉಸಿರು ಬಿಡು."

ಸಿದ್ದಮ್ಮ ಅವರೆಕಾಯಿ ಹಿಡಿದ ಕೈಯನ್ನೇ ಬಾಯಿಯ ಮುಂದೆ ತಂದಳು. "ಆಳು."

"ಹಾಳು."

"ಆಳು," ಎಂದಳು ಮತ್ತೆ. ಆಮೇಲೆ ಇನ್ನೊಂದು ಕಾಯಿ ಬಿಡಿಸಿ, "ನೀ ಅಂದಂಗೆ ಅಂದ್ರೆ ಅವನ್ಗೆ ಗೊತ್ತಾಗಾಕಿಲ್ಲ ಬಿಡು, ತನ್ನೇ ಕರೀತಾವ್ರೆ ಅಂತ," ಎಂದಳು.

ಈ ಮಾತು ಕೇಳಿಸಿಕೊಂಡಿದ್ದರೆ! ರಂಜಿನಿ ಆಗಲೇ ಒಂದು ಅಲ್ಪವಿರಾಮ ಎಲ್ಲಿ ಬರಬೇಕೆಂದು ನೋಡುತ್ತಿದ್ದಳು.

ಆಗಸ್ಟಿನಲ್ಲಿ ಒಂದು ದಿನ ಅವಳು ಹತ್ತನೇ ಕ್ಲಾಸಿಗೆ ಸಂಧಿ ಪಾಠ ಮಾಡುತ್ತಿದ್ದಾಗ ಸ್ಕೂಲಿನ ಕಾಂಪೌಂಡಿನೊಳಗೆ ಟಿಪ್ಪರುಗಳು ಬರತೊಡಗಿದವು. ಸ್ಕೂಲಿಗೆ ಹೊಸ ಸಭಾಂಗಣ ಕಟ್ಟುತ್ತಿದ್ದರು, ಪಾಯಕ್ಕೆ ಮಣ್ಣು ತುಂಬಬೇಕಿತ್ತು. ಕೆಮ್ಮಣ್ಣಿನ ಧೂಳು ಕ್ಲಾಸಿನೊಳಗೆಲ್ಲ ಬಂತು, ಡೆಸ್ಕುಗಳ ಮೇಲೆ ಕೂತಿತು, ಅವಳ ಗಂಟಲಿಗೂ ಇಳಿಯಿತು. "ಕಿಟಕಿ ಹಾಕ್ರೋ," ಎಂದು ಗದರಿ ಕೆಮ್ಮುತ್ತಲೇ ಪಾಠ ಮುಂದುವರಿಸಿದಳು. ಸಂಜೆ ಮನೆಗೆ ಬಂದು ಫೋನು ತೆರೆದರೆ ಬಡಾವಣೆಯ ಗುಂಪಿನಲ್ಲಿ ಒಂದು ಫೋಟೋ. ಗೋಡೆಯಿದ್ದ ಕಡೆ ಬರೀ ಆಕಾಶ. ನೆಲ ಸಪಾಟಾಗಿತ್ತು. ಕೆಳಗೆ ಕೈಮುಗಿದ ಚಿತ್ರಗಳು, ಹೂಗುಚ್ಛದ ಚಿತ್ರಗಳು.

ಅವಳು ಚಪ್ಪಲಿ ಮೆಟ್ಟಿಕೊಂಡು ನೇರವಾಗಿ ಬದರೀನಾರಾಯಣರ ಮನೆಗೆ ಹೋದಳು. ಅವರು ತೋಟದಲ್ಲಿ ಗಿಡಗಳಿಗೆ ನೀರು ಬಿಡುತ್ತಿದ್ದರು.

"ಯಾಕೆ ಸರ್ ಬೀಳಿಸಿದ್ರಿ? ನಾನು ಉಳಿಸಿ ಅಂತ ಬರೆದಿದ್ದೆ."

ಬದರೀನಾರಾಯಣ ನಲ್ಲಿ ನಿಲ್ಲಿಸಿದರು. ಅವರಿಗೆ ನಿಜವಾಗಿಯೂ ಅರ್ಥವಾಗಲಿಲ್ಲ. "ನೀವೇ ಬರೆದಿದ್ರಲ್ಲ ಮೇಡಂ, ಹಾಳುಕೋಟೆ ಅಂತ. ಊರು ಬರೋ ಹೊತ್ತಿಗೇ ಪಾಳು ಬಿದ್ದಿತ್ತು, ಹೆಸರೇ ಸಾಕ್ಷಿ ಅಂತ. ಎಂಜಿನಿಯರ್ ಅದನ್ನ ಓದಿ, ಹಾಗಾದ್ರೆ ಆವಾಗ್ಲೇ ಇಲ್ಲದ್ದನ್ನ ಈಗ ಉಳಿಸೋದೇನು ಅಂದ್ರು. ನಂಗೂ ಸರಿ ಅನ್ನಿಸ್ತು." ಆಮೇಲೆ ಅವಳ ಮುಖ ನೋಡಿ, "ಬೇಜಾರಾಯ್ತಾ? ಬನ್ನಿ, ಕೂತ್ಕೊಳ್ಳಿ," ಅಂದರು.

ಅವಳು ಕೂರಲಿಲ್ಲ. ದಾರಿಯುದ್ದಕ್ಕೂ ಲೆಕ್ಕ ಹಾಕಿಕೊಂಡು ಬಂದಳು. ಗೋಡೆ ಹೋಯಿತು, ಸರಿ, ಮಣ್ಣುಗೋಡೆ ತಾನೆ. ಕಲ್ಲು ನೆಡುವ ಆಸೆ ಹೋಯಿತು, ಅದೂ ಸರಿ. ಅವ್ವನಿಗೆ ಹೇಳದಿದ್ದರಾಯಿತು. ಮಂಡಿ ನೋವು, ಈ ವರ್ಷ ಹೋಗುವುದು ಬೇಡ ಅಂದರಾಯಿತು. ಮುಂದಿನ ವರ್ಷದ ಹೊತ್ತಿಗೆ ಏನೋ ಒಂದು. ಹೆತ್ತ ತಾಯಿಯ ವಿಷಯದಲ್ಲಿ ಆ ಏನೋ ಒಂದು ಅಂದರೆ ಏನು ಎಂಬುದನ್ನು ಅವಳು ತನಗೆ ತಾನೇ ಬಿಡಿಸಿ ಹೇಳಿಕೊಳ್ಳಲಿಲ್ಲ.

ಅಮಾವಾಸ್ಯೆ ದಿನ ರಂಜಿನಿ ಎದ್ದು ಬರುವ ಹೊತ್ತಿಗೆ ಸಿದ್ದಮ್ಮ ತಲೆಗೆ ನೀರು ಹಾಕಿಕೊಂಡು, ಮುದ್ದೆ ತಿರುವಿ, ಎಲೆ ಕಟ್ಟಿ, ಬಾಗಿಲ ಬಳಿ ಕೂತುಬಿಟ್ಟಿದ್ದಳು. ಮಂಡಿ ನೋವಿನ ಮಾತು ನಡೆಯಲಿಲ್ಲ. ಮಳೆ ಬರುವ ಹಾಗಿದೆ ಎಂಬುದೂ ನಡೆಯಲಿಲ್ಲ. ಆಟೋದಲ್ಲಿ ಹೇಳಬೇಕು ಅಂದುಕೊಂಡಳು, ಹೇಳಲಾಗಲಿಲ್ಲ. ಅವ್ವ ಎಲೆಯನ್ನು ತೊಡೆಯ ಮೇಲಿಟ್ಟುಕೊಂಡು ಮಗುವನ್ನು ಹಿಡಿದ ಹಾಗೆ ಹಿಡಿದುಕೊಂಡಿದ್ದಳು.

ಗೋಡೆಯಿದ್ದ ಕಡೆ ಸಿಮೆಂಟ್ ಇಟ್ಟಿಗೆ ಹಾಸಿ, ಹಳದಿ ಪಟ್ಟಿ ಎಳೆದು, ಕಾರುಗಳನ್ನು ನಿಲ್ಲಿಸಿದ್ದರು. ಸಿದ್ದಮ್ಮ ಆಟೋ ಇಳಿದು ಆ ಕಡೆ ಈ ಕಡೆ ನೋಡಿದಳು. ದಾರಿ ತಪ್ಪಿದೆ ಅಂದುಕೊಂಡು ಇಸ್ತ್ರಿ ಗಾಡಿಯನ್ನು ಗುರುತು ಹಿಡಿದಳು, ಟೀ ಅಂಗಡಿ ನೋಡಿದಳು. ದಾರಿ ತಪ್ಪಿರಲಿಲ್ಲ. ಕಾರುಗಳ ನಡುವೆ ಹೋಗಿ ಎರಡು ಕೈಯಲ್ಲೂ ಎಲೆ ಹಿಡಿದುಕೊಂಡು ನಿಂತಳು.

"ಅವ್ನೆಲ್ಲೆ?"

"ಯಾರವ್ವ?"

"ಆಳು."

"ಹಾಳೂ ಇಲ್ಲ ಅವ್ವ ಈಗ. ಎಲ್ಲಾ ತೆಗೆಸ್ಬಿಟ್ರು. ನಿಂಗೆ ಬೇಜಾರಾಗತ್ತೆ ಅಂತ ಹೇಳ್ಲಿಲ್ಲ."

"ಅದಲ್ಲ ಕಣೆ. ಆಳು. ಜೀತದಾಳು, ಕೂಲಿಯಾಳು ಅಂತಾರಲ್ಲ, ಆ ಆಳು. ನಮ್ಮೋನು." ಸಿದ್ದಮ್ಮ ಮಗಳ ಮುಖವನ್ನೇ ನೋಡಿದಳು. "ಗೋಡೆ ನಿಲ್ಲಾಕಿಲ್ಲ ಅಂತ ಗೌಡ ಅವನ್ನ ಜೀವಂತ ನಿಲ್ಸಿ ಸುತ್ತಾ ಮಣ್ಣು ಮೆತ್ಸಿದ್ದ. ಅವ್ನ ಮಗಳ ಕಡೆಯಿಂದ ಬಂದೋರು ನಾವು. ನಿಂತೇ ಅವ್ನೆ, ಅದಕ್ಕೇ ಅಲ್ವಾ ನಿಂತ್ಕಂಡು ಇಕ್ಕೋದು? ಅವನ್ ಇದ್ದಿದ್ಕೇ ಅಲ್ವಾ ಆಳ್ಕೋಟೆ ಅನ್ನೋದು?"

ರಂಜಿನಿ ಕಾಲ ಕೆಳಗಿನ ಸಿಮೆಂಟ್ ಇಟ್ಟಿಗೆಗಳನ್ನು ನೋಡಿದಳು.

"ಮತ್ತೆ ಒಂದ್ಸಲಾನೂ ಯಾಕೆ ಹೇಳ್ಲಿಲ್ಲ ಅವ್ವ ನೀನು?"

"ಎಸ್ರಲ್ಲೇ ಐತಲ್ಲ ಮಗಾ. ಬೇರೆ ಏನ್ ಏಳೋದು? ನಾನ್ ಆಳು ಅಂತಾನೇ ಇದ್ದೆ. ನೀನೇ ತಿದ್ತಿದ್ದೆ."

ಅದರಲ್ಲಿ ಬೈಗುಳವಿರಲಿಲ್ಲ, ಚುಚ್ಚುಮಾತಿರಲಿಲ್ಲ. ಇದ್ದದ್ದನ್ನು ಇದ್ದ ಹಾಗೆ ಹೇಳಿದಳು ಅಷ್ಟೆ. ಬೈದಿದ್ದರೆ ಎಷ್ಟೋ ವಾಸಿಯಿತ್ತು. ಎಂಟನೇ ಕ್ಲಾಸಿನಲ್ಲಿ ಬೇಡದ ಕಡೆ ಒಂದು ಹಕಾರ ಹಾಕಿದ್ದಕ್ಕೆ ಇಡೀ ಸಭೆ ನಕ್ಕಿತ್ತು. ಮುದುಕಿಯಾಗುವ ವಯಸ್ಸಿನಲ್ಲಿ ಇನ್ನೊಂದು ಸಲ ಹಾಕಿದಾಗ ಯಾರೂ ನಗಲಿಲ್ಲ, ಬೆಳ್ಳಿ ಲೋಟದಲ್ಲಿ ಕಾಫಿ ಕೊಟ್ಟರು. ಒಬ್ಬ ಮನುಷ್ಯನ ಗುರುತು ಅಂತ ಉಳಿದಿದ್ದದ್ದು ಒಂದು ಹೆಸರು, ಒಂದು ಗೋಡೆ. ಎರಡನ್ನೂ ಅವಳೇ ಕೈಯಾರೆ ತೆಗೆದಿದ್ದಳು.

"ಮಣ್ಣೆಲ್ಲಿ ಸುರುದ್ರು?" ಸಿದ್ದಮ್ಮ ಕೇಳಿದಳು. "ಮಣ್ಣೆಲ್ಲೈತೋ ಅಲ್ಲೇ ಅವ್ನೆ. ಅಲ್ಲಿಗೆ ಓಗಾನ. ಎಡೆ ಆರೋಯ್ತದೆ."

ಟೀ ಅಂಗಡಿಯ ಮುಂದೆ ಒಂದು ಟಿಪ್ಪರ್ ನಿಂತಿತ್ತು. ಅದರ ಡ್ರೈವರ್ ಲೋಹಿತ್ ಬನ್ನು ನೆನೆಸಿಕೊಂಡು ಟೀ ಕುಡಿಯುತ್ತಿದ್ದ. ಈ ಸುತ್ತಿನ ಮಣ್ಣುಹೊಡೆಯುವ ಕೆಲಸವೆಲ್ಲ ಅವನದೇ ಎಂದು ಅಂಗಡಿಯವನು ಹೇಳಿದ.

"ಇಲ್ಲಿದ್ದ ಗೋಡೆ ಮಣ್ಣು ಎಲ್ಲಿಗೆ ಹಾಕಿದ್ರಿ?"

"ಚಾಮರಾಜಪೇಟೆಗೆ ಮೇಡಂ. ಸ್ಕೂಲಲ್ಲಿ ಹೊಸ ಹಾಲ್ ಕಟ್ತಿದಾರಲ್ಲ, ಅದರ ಪಾಯಕ್ಕೆ. ಒಳ್ಳೆ ಮಣ್ಣು. ಸಿಮೆಂಟ್ ಇದ್ದಂಗಿತ್ತು, ಜೆಸಿಬಿನೇ ತಿಣುಕಾಡ್ತು."

ಅದು ರಂಜಿನಿಯ ಸ್ಕೂಲೇ. ಆ ಧೂಳು ಅವಳ ಗಂಟಲಿಗೂ ಇಳಿದಿತ್ತು. ಕಿಟಕಿ ಹಾಕ್ರೋ ಅಂದಿದ್ದಳು.

"ಮಣ್ಣಲ್ಲಿ ಏನಾದ್ರೂ ಸಿಕ್ತಾ? ಮೂಳೆ ಏನಾದ್ರೂ?"

ಲೋಹಿತ್ ಲೋಟ ಕೆಳಗಿಟ್ಟ. ಮುದುಕಿಯ ಕೈಯಲ್ಲಿದ್ದ ಎಲೆಯನ್ನು ನೋಡಿದ, ಮತ್ತೆ ರಂಜಿನಿಯನ್ನು ನೋಡಿದ. "ನಾವು ನೋಡ್ಲಿಲ್ಲ ಮೇಡಂ," ಅಂದ ಮೆಲ್ಲಗೆ. "ನೋಡಿದ್ರೆ ಕೆಲಸ ನಿಲ್ತಿತ್ತು."

ಅಮಾವಾಸ್ಯೆಯ ರಜೆ, ಸ್ಕೂಲು ಖಾಲಿ ಹೊಡೆಯುತ್ತಿತ್ತು. ವಾಚ್‌ಮನ್ ಪ್ರಭುದೇವ ಮೇಡಂ ಅವರನ್ನು ನೋಡಿ ಏನೂ ಕೇಳದೆ ಗೇಟು ತೆಗೆದ. ಆಟದ ಮೈದಾನದ ಆಚೆ ಪಾಯ ತುಂಬಿ ಕಾಂಕ್ರೀಟ್ ಹಾಕಿಯಾಗಿತ್ತು. ಅದು ಬಲಿಯಲೆಂದು ಮೇಲೆ ಸಣ್ಣ ಸಣ್ಣ ಒಡ್ಡು ಕಟ್ಟಿ ನೀರು ನಿಲ್ಲಿಸಿದ್ದರು. ಮೋಡದ ಬೆಳಕಿನಲ್ಲಿ ನೀರು ಬೂದಿ ಬಣ್ಣಕ್ಕಿತ್ತು. ಕಂಬಗಳಿಗೆಂದು ಬಿಟ್ಟ ಕಬ್ಬಿಣದ ಸರಳುಗಳು ಅಲ್ಲಲ್ಲಿ ಎದ್ದು ನಿಂತಿದ್ದವು.

ಸಿದ್ದಮ್ಮ ಅಂಚಿನವರೆಗೆ ಹೋಗಿ ಬಗ್ಗಿ ನೋಡಿದಳು.

"ಇದರಡೀಲಾ?"

"ಹೂಂ ಅವ್ವ."

"ಈಗ್ಲಾದ್ರೂ ಮಲಗವ್ನೋ, ಇಲ್ಲಾ ಇನ್ನೂ ನಿಂತೇ ಅವ್ನೋ?" ಉತ್ತರಕ್ಕೆ ಕಾಯದೆ ತಾನೇ ಅಂದಳು, "ಎಲ್ಲಿ ಮಲಗಿಸ್ತಾರೆ. ಇದರ್ ಮ್ಯಾಲೂ ಗೋಡೆ ಬತ್ತದಲ್ಲ. ಇದ್ನೂ ಒರ್ಬೇಕು ಅವ್ನು."

ಎಲೆ ಇಡಲು ಗೂಡಿರಲಿಲ್ಲ. ನೆಲಕ್ಕಿಡುವಂತಿಲ್ಲ, ನೆಲದ ಮೇಲೆ ನೀರು ಬೇರೆ. ಸಾರು ಎಲೆಯ ಮಡಿಕೆಯಿಂದ ಸಿದ್ದಮ್ಮನ ಮೊಣಕೈಗೆ ಸೋರುತ್ತಿತ್ತು. ರಂಜಿನಿ ಅವಳ ಕೈಯಿಂದ ಎಲೆ ತೆಗೆದುಕೊಂಡಳು. ಕಾಂಕ್ರೀಟಿನ ಕಡೆ ಮುಖ ಮಾಡಿ, ಎಲೆ ಬಿಚ್ಚಿ, ಎರಡು ಅಂಗೈಯಲ್ಲೂ ಹಿಡಿದು, ಮನುಷ್ಯನ ಬಾಯಿಯೆತ್ತರಕ್ಕೆ ಎತ್ತಿ ನಿಂತಳು. ಗೇಟಿನ ಬಳಿಯಿಂದ ಪ್ರಭುದೇವ ನೋಡುತ್ತಿದ್ದ. ನೋಡಲಿ ಅನ್ನಿಸಿತು. ಇಷ್ಟು ವರ್ಷ ಟೀ ಅಂಗಡಿಯ ಬಳಿ ಮುಖ ತಪ್ಪಿಸಿ ನಿಂತದ್ದು ನೆನಪಾಗಿ ಅವಳಿಗೆ ಅಳು ಬಂತು, ತಡೆಯಲು ಹೋಗಲಿಲ್ಲ.

"ನಾನ್ ಇಕ್ತೀನಿ ಅವ್ವ. ನೀನ್ ಹೋದ್ಮೇಲೂ ಇಕ್ತೀನಿ. ಮಾತು ಕೊಟ್ಟೆ."

"ಎಲ್ಲಿಕ್ತೀಯೆ?" ಅಂದಳು ಸಿದ್ದಮ್ಮ.

ಕಟ್ಟಡ ಎದ್ದ ಮೇಲೆ ಇಲ್ಲಿ ವೇದಿಕೆ ಬರುತ್ತದೆ, ಮೈಕು ಬರುತ್ತದೆ, ಯಾವುದೋ ಮಗು ನಿಂತು ಆದರದ ಸ್ವಾಗತ ಅನ್ನುತ್ತದೆ. ಆ ಮಗುವಿಗೆ ಉಚ್ಚಾರ ತಿದ್ದುವವಳು ರಂಜಿನಿಯೇ.

ತೋಳು ಸೋತು ಹೋಯಿತು. ಕಾಗೆ ಬರಲಿಲ್ಲ. ಅಳಿಲೂ ಬರಲಿಲ್ಲ. ಮುದ್ದೆ ತಣ್ಣಗಾಗಿ ಮೇಲೆ ಸಿಪ್ಪೆಗಟ್ಟಿತು. ಉಂಡ, ನಡಿ ಎಂದು ಅವ್ವ ಅಂದರೆ ಸಾಕು ಅಂತ ರಂಜಿನಿ ಕಾದಳು. ಸಿದ್ದಮ್ಮ ಅದನ್ನು ಅನ್ನಲಿಲ್ಲ. ಆಮೇಲೆ, ಮಗಳು ವರ್ಷಗಟ್ಟಲೆ ಹೇಳಿಕೊಟ್ಟ ಹಾಗೆ, ಸಾರು ಅಂಟಿದ ಬಲಗೈಯನ್ನು ಎತ್ತಿ ಬಾಯಿಯ ಮುಂದೆ ಹಿಡಿದುಕೊಂಡಳು. ಎದೆಯಿಂದ ಉಸಿರು ತೆಗೆದು ಅಂಗೈಯ ಮೇಲೆ ಬಿಟ್ಟಳು.

"ಹಾಳುಕೋಟೆ," ಅಂದಳು. ಒಂದು ಚೂರೂ ತಪ್ಪಿರಲಿಲ್ಲ. ಕೈ ಇಳಿಸಿ, ಮಗಳ ಕಡೆ ತಿರುಗಿ, "ಈಗ ಸರಿಯಾಗಂದ್ನಾ ಮಗಾ?" ಅಂತ ಕೇಳಿದಳು.